ನಿವ್ವಳ

ಸಿಕ್ಕವರೆಲ್ಲ ಕೇಳುವುದು ಆ ಕಿರುಚಿನ ಬಗ್ಗೆ.
ಎರಡು ನಿಮಿಷ ನಲವತ್ತನೇ ಸೆಕೆಂಡಿಗೆ
ಗಿಟಾರು ನಿಂತು, ಡ್ರಮ್ಮೂ ನಿಂತು,
ಒಂದು ಗಂಟಲು ಮಾತ್ರ
ತಗಡು ಹರಿದ ಹಾಗೆ ಮೇಲೇರುತ್ತದಲ್ಲ,
ಅದನ್ನು ಫೆಲಿಕ್ಸ್ ಹೇಗೆ ಹಾಡಿದ ಅಂತ.

ಹೇಳುತ್ತೇನೆ. ಮಿಷನ್ನಿನಿಂದ ಶುರು ಮಾಡಬೇಕು.

ಚಿಕ್ಕಮಗಳೂರು, ತೊಂಬತ್ತಾರರ ಫೆಬ್ರವರಿ.
ಕಾಫಿ ಕ್ಯೂರಿಂಗಿನ ಮೂರನೇ ಶೆಡ್ಡಿನ ಹಲ್ಲರ್‌ಗೆ
ಬೆಲ್ಟು ಹರಿದು ತೇಪೆ ಬಿದ್ದಿತ್ತು.
ತೇಪೆ ಗಾಲಿಗೆ ಬಂದಾಗಲೆಲ್ಲ
ಡಗ್ ಡಗ್ ಡಗ್, ಒಂದು ಗುಟುಕು ನುಂಗಿ, ಡಗ್.
ಆ ನುಂಗಿದ ಏಟಿನ ಮೇಲೆ ನಿಂತಿದೆ ಇಡೀ ಹಾಡು.
ನನಗೆ ಹಗಲು ಅಲ್ಲೇ ಕೆಲಸ.
ಒಂದು ಮಧ್ಯಾಹ್ನ ಟೇಪ್‌ರೆಕಾರ್ಡರನ್ನು
ಊಟದ ಬುಟ್ಟಿಯಲ್ಲಿ ಬಚ್ಚಿಟ್ಟು ಒಯ್ದೆ.

ಉಪ್ಪಳ್ಳಿಯ ಮುನೀರನಿಗೆ ಡ್ರಮ್ ಸೆಟ್ಟಿಗೆ ಕಾಸಿಲ್ಲ,
ಗ್ಯಾರೇಜಿನ ಲಾರಿ ಬ್ರೇಕ್ ಡ್ರಮ್ಮನ್ನೇ ಬಾರಿಸಿದ.
ಧರಣೇಂದ್ರ, ಆಲೂಗಡ್ಡೆ ಕೂಡ ಮುಟ್ಟದವನು,
ಅಪ್ಪನ ಭಜನೆ ಸ್ಪೀಕರಿನ ಕಾಗದವನ್ನು
ಬ್ಲೇಡಿನಿಂದ ಉದ್ದಕ್ಕೆ ಸೀಳಿದ.
ಆಮೇಲೇ ಅವನ ಗಿಟಾರು ಗುರುಗುಟ್ಟಿದ್ದು.
ಮದುವೆ ಆರ್ಕೆಸ್ಟ್ರಾದವರ ರೂಮು, ವಿಜಯಪುರದಲ್ಲಿ,
ರಾತ್ರಿಗೆ ಮುನ್ನೂರು ಬಾಡಿಗೆ.
ಸದ್ದು ಆಚೆ ಹೋಗದಿರಲೆಂದು ಗೋಡೆ ತುಂಬ ಗೋಣಿ.
ಒಂದೊಂದೂ ಮುಕ್ಕಾಲು ಕೆಜಿ, ನನಗೆ ಗೊತ್ತು.

ಆಲ್ದೂರು ಬಸ್ಸಿನ ಕ್ಲೀನರ್ ಮೊದಲು ಹಾಕಿದ.
ಪ್ರಯಾಣಿಕರು ಬೈದರು, ಡ್ರೈವರ್ ಸೌಂಡು ಜಾಸ್ತಿ ಮಾಡಿದ.
ಮೂಡಿಗೆರೆಯ ಜೀಪುಗಳಿಗೆ ಹಬ್ಬಿತು.
ಹಾಸನದ ಹಾಸ್ಟೆಲಿನಲ್ಲಿ ಹುಡುಗರು
ತಲೆ ಕೊಡವಿ ಕೊಡವಿ ಟ್ಯೂಬ್‌ಲೈಟು ಒಡೆದರಂತೆ.
ಬೆಂಗಳೂರಿನ ಕಂಪನಿಯೊಂದು ಕರೆಸಿ
‘ತಾಳ ತಪ್ಪಿದೆ’ ಅಂದು
ಆ ಬಿಟ್ಟ ಏಟನ್ನು ತುಂಬಿಸಿ, ತೊಳೆದು, ಒರೆಸಿ ಬಿಟ್ಟಿತು.
ಒಂದು ನಾಯಿಯೂ ಕೇಳಲಿಲ್ಲ.
ಹಳೇದನ್ನೇ ಮತ್ತೆ ಅಚ್ಚು ಹಾಕಿದರು:
ಹನ್ನೊಂದು ಸಾವಿರ ಕ್ಯಾಸೆಟ್ಟು.
ಹೊದಿಕೆಯ ಮೇಲೆ ನಮ್ಮ ನಾಲ್ವರ ಹೆಸರು.

ಐದನೆಯದು ಪಾಪಾತಿ.
ನೆಲದ ಮೇಲೆ ಸಾಲಾಗಿ ಕೂತು
ಕರಿಬೀಜ ಆರಿಸುವ ಹೆಂಗಸರಲ್ಲಿ ಕೊನೆಯವಳು.
ಕೂಲಿ ತೂಕದ ಲೆಕ್ಕ.
ಒಟ್ಟು ತೂಕ, ಅದರಲ್ಲಿ ಗೋಣಿ ಕಳೆದು, ನಿವ್ವಳ.
ಗುಮಾಸ್ತ ಗೋಣಿಯನ್ನು ಎರಡು ಸಲ ಕಳೆದಿದ್ದ.
ಓದು ಬರದ ಅವಳು ಬೆರಳಲ್ಲಿ ಎಣಿಸಿ ಹಿಡಿದಳು,
ಎದ್ದು ನಿಂತಳು,
ಹಲ್ಲರಿನ ಸದ್ದಿಗಿಂತ ಮೇಲೆ
‘ನಿವ್ವಳ ಎಷ್ಟೂ...’ ಅಂತ ಕೂಗಿದಳು.
ಬುಟ್ಟಿಯೊಳಗೆ ಟೇಪು ತಿರುಗುತ್ತಿತ್ತು.

ಫೆಲಿಕ್ಸ್ ಹಾಡಲಿಲ್ಲ. ಇಗರ್ಜಿಯ ಕಾಯಿರಿನ ಗಂಟಲು ಅವನದು,
ಏಳು ಸಲ ಯತ್ನಿಸಿ, ಕೆಮ್ಮಿ, ಬಿಸಿನೀರು ಕುಡಿದು
‘ಅವಳದೇ ಇರಲಿ ಬಿಡ್ರೋ’ ಅಂದ.

ವರ್ಷದ ಮೇಲೆ ದಂಟರಮಕ್ಕಿಯ ಚಹದಂಗಡಿಯಲ್ಲಿ
ಹಾಡು ಬರುತ್ತಿರುವಾಗ ಅವಳು ಸಿಕ್ಕಳು.
ಲೋಟ ಕೆಳಗಿಟ್ಟು ಕೊನೇತನಕ ಕೇಳಿದಳು.
‘ಮಿಷನ್ನು ಸರಿಯಾಗೈತೆ.
ನನ್ನ ದನೀನ ಯಾಕಪ್ಪ ಬಾವಿಗೆ ಹಾಕಿದ್ದೀರ?’
ಅದಕ್ಕೆ ಎಕೋ ಅಂತಾರೆ ಅಂದೆ.
ನಕ್ಕಳು. ಚಹದ ದುಡ್ಡು ಅವಳೇ ಕೊಟ್ಟಳು,
ನಾನು ತಡೆಯಲಿಲ್ಲ.

ಈಗಲೂ ವರ್ಷಕ್ಕೊಮ್ಮೆ ಬಾರಿಸುತ್ತೇವೆ,
ಹೊಟ್ಟೆ ಬಂದ ನಾಲ್ವರು.
ಮೊನ್ನೆ ಆಜಾದ್ ಪಾರ್ಕಿನಲ್ಲಿ, ಎಲ್ಲ ನಿಂತ ಆ ಗಳಿಗೆಯಲ್ಲಿ,
ಸಾವಿರ ಗಂಟಲು ಒಟ್ಟಿಗೆ
‘ನಿವ್ವಳ ಎಷ್ಟೂ’ ಅಂತ ಕೂಗಿ
ಉತ್ತರಕ್ಕೆ ಕಾಯದೆ ಕುಣಿಯತೊಡಗಿದವು.

ಮೂವತ್ತೊಂದೂಕಾಲು.
ಪುಸ್ತಕದಲ್ಲಿ ಮೂವತ್ತೂವರೆ ಅಂತ ಇದೆ,
ನನ್ನ ಅಕ್ಷರ.